ತವರಿನ ಪರವಾಗಿ

ಹುಣಸೇಕುಂಟೆ, ಬಂಗಾರಪೇಟೆ ತಾಲ್ಲೂಕು
೧೦ ಮಾರ್ಚ್ ೨೦೨೪

ಪ್ರೀತಿಯ ಶ್ರೀಧರನಿಗೆ,

ನಿನ್ನ ಅಕ್ಕ ಹೇಳಿಕೊಡದೆ ನಾನು ನಿನಗೆ ಬರೆಯುತ್ತಿರುವ ಮೊದಲ ಕಾಗದ ಇದು. ನೀನು ವಿದೇಶಾಂಗ ಸೇವೆಗೆ ಸೇರಿ ಮೊದಲ ದೇಶಕ್ಕೆ ಹೋದಾಗಿನಿಂದ ಕೈ ನನ್ನದು, ಮಾತು ಅವಳದು. ಅವಳು ಒಲೆ ಮುಂದೆ ಕೂತು ಹೇಳುತ್ತಿದ್ದಳು, ನಾನು ಬಾಗಿಲ ಬೆಳಕಿಗೆ ಕೂತು ಬರೆಯುತ್ತಿದ್ದೆ. ನನ್ನದೊಂದು ಮಾತು ಸೇರಿಸಿದರೂ ಅವಳಿಗೆ ಗೊತ್ತಾಗುತ್ತಿತ್ತು. "ಏನೋ ಜಾಸ್ತಿ ಗೀಚಿದ್ರಲ್ಲ, ಓದಿ ಅದೇನು" ಅನ್ನುತ್ತಿದ್ದಳು. ನಾನು ದಿನಚರಿ ಬರೆಯುವವನು. ಅದರಲ್ಲಿ ಮಳೆ, ಹಾಲು, ಯಾರು ಬಂದರು ಹೋದರು, ಅಷ್ಟೇ. ಕಾಗದ ನನಗೆ ಬರುವುದಿಲ್ಲ. ತಪ್ಪಿದ್ದರೆ ನೀನೇ ಸರಿಮಾಡಿಕೊಂಡು ಓದು.

ಫೋನಿನಲ್ಲಿ ನೀನು ಅಳುತ್ತೀಯ, ನಾನು ಸುಮ್ಮನಿರುತ್ತೇನೆ, ಆಮೇಲೆ ಲೈನು ಕಟ್ಟಾಗುತ್ತದೆ. ಅದಕ್ಕೇ ಬರೆಯುವುದು. ಮೊದಲಿನ ಹಾಗೆ ದೆಹಲಿ ವಿಳಾಸಕ್ಕೇ ಹಾಕುತ್ತೇನೆ. ಅಲ್ಲಿಂದ ಮುದ್ರೆ ಒತ್ತಿದ ಸರ್ಕಾರಿ ಚೀಲದಲ್ಲಿ ನಿನಗೆ ತಲುಪುತ್ತದಲ್ಲ. ಆ ಚೀಲವನ್ನು ದಾರಿಯಲ್ಲಿ ಯಾವ ದೇಶದವರೂ ಬಿಚ್ಚುವಂತಿಲ್ಲ ಅಂತ ನೀನು ಬರೆದಿದ್ದಾಗ, "ಅಂಗಾದ್ರೆ ಒಂದು ಡಬ್ಬಿ ಉಪ್ಪಿನಕಾಯಿ ಆಕ್ಬೋದು" ಅಂದಿದ್ದಳು. ಮನೆಯವರು ಕಾಗದ ಬಿಟ್ಟು ಬೇರೇನೂ ಹಾಕಬಾರದು ಅಂತ ನಿನ್ನ ಉತ್ತರ ಬಂತು. ಅವಳಿಗೆ ಸರ್ಕಾರದ ಮೇಲೆ ಬಹಳ ದಿನ ಸಿಟ್ಟಿತ್ತು.

ರಥಸಪ್ತಮಿ ದಿನ ಬೆಳಿಗ್ಗೆ ಹಾಲು ಕರೆದು, ಡೈರಿಗೆ ಹಾಕಿ ಬಂದು, ಜಗಲಿ ಮೇಲೆ ಕೂತಳು. ಕಾಫಿ ಕೇಳಿದಳು. ನಾನು ಲೋಟ ಹಿಡಿದು ಬರುವುದರೊಳಗೆ ಗೋಡೆಗೆ ಒರಗಿದ್ದಳು. ನೋವು ಪಟ್ಟ ಹಾಗೆ ಮುಖ ಇರಲಿಲ್ಲ. ಇದನ್ನು ಫೋನಿನಲ್ಲಿ ಹೇಳಬೇಕೆಂದಿದ್ದೆ, ಹೇಳಲಿಲ್ಲ.

ಹಸು ನನಗೆ ಹಾಲು ಇಳಿಸಲಿಲ್ಲ. ಕೊನೆಗೆ ನಮ್ಮ ಮಗಳು ಚಂದನ ಅವಳಮ್ಮನ ಹಳೇ ಸೀರೆ ತುಂಡೊಂದನ್ನು ನನ್ನ ಹೆಗಲಿಗೆ ಹಾಕಿದಳು. ಹಸು ಮೂಸಿ ನೋಡಿತು, ಒಂದು ಸಲ ನನ್ನ ಮುಖ ನೋಡಿತು, ಇಳಿಸಿತು. ಅದಕ್ಕೆ ಮೋಸ ಆಯಿತೋ ಇಲ್ಲ ಅದು ಒಪ್ಪಿಕೊಂಡಿತೋ ನನಗೆ ತಿಳಿಯದು.

ಇಂತಿ,
ನಿನ್ನ ಭಾವ ಮುನೀಂದ್ರ


ಭಾರತದ ರಾಯಭಾರ ಕಚೇರಿಯಿಂದ
೪ ಏಪ್ರಿಲ್ ೨೦೨೪

ಭಾವ ಅವರಿಗೆ ನಮಸ್ಕಾರಗಳು.

ನಿಮ್ಮ ಕಾಗದ ಮೊನ್ನೆಯ ಚೀಲದಲ್ಲಿ ಬಂತು. ಹೊರಗಡೆ ಅದೇ ಕೈಬರಹ. ಒಡೆಯುವ ಮೊದಲು ಒಂದು ಕ್ಷಣ ಅಕ್ಕನೇ ಬರೆಸಿದ್ದಾಳೆ ಅಂದುಕೊಂಡೆ.

ಇಲ್ಲಿಂದ ವಿಮಾನ ದಿನವೂ ಇಲ್ಲ. ಇದ್ದಿದ್ದರೂ ಸಂಜೆಯೊಳಗೆ ತಲುಪುತ್ತಿರಲಿಲ್ಲ. ಇದನ್ನು ನನಗೆ ನಾನೇ ಎಷ್ಟೋ ಸಲ ಹೇಳಿಕೊಂಡಿದ್ದೇನೆ. ಕೆಲಸಕ್ಕೆ ಸೇರಿದ ಹೊಸದರಲ್ಲಿ, ಪರದೇಶದಲ್ಲಿ ತೀರಿಕೊಂಡ ನಮ್ಮ ಕೂಲಿಯವರ ದೇಹಗಳನ್ನು ಊರಿಗೆ ಕಳಿಸುವ ಕೆಲಸ ನನ್ನದಾಗಿತ್ತು. ಆಸ್ಪತ್ರೆಯ ಕಾಗದ, ಪೊಲೀಸರ ಕಾಗದ, ವಿಮಾನದ ಕಾಗದ ಎಲ್ಲಕ್ಕೂ ಸಹಿ ಹಾಕುತ್ತಿದ್ದೆ. ಊರಿನಿಂದ ಫೋನ್ ಮಾಡಿದವರು ಕೇಳುತ್ತಿದ್ದುದು ಒಂದೇ: "ಸಾರ್, ಮುಖ ನೋಡೋಕಾಗ್ತದಾ?" ಆಗ್ತದೆ, ಕಳಿಸ್ತೀನಿ ಅನ್ನುತ್ತಿದ್ದೆ. ಅಕ್ಕನ ಮುಖ ನೋಡಲು ನನಗೆ ಆಗಲಿಲ್ಲ.

ರಾತ್ರಿ ನಿದ್ದೆ ಬಾರದಿದ್ದರೆ ಉರಿಗಾಂನಲ್ಲಿ ಚಿನ್ನದ ಗಣಿ ಕೂಲಿಯವರ ಸಾಲಿನ ಆ ಲೈನ್ ಮನೆ ಕಣ್ಣಿಗೆ ಬರುತ್ತದೆ. ಗಣಿಯೊಳಗೆ ಬಂಡೆ ಸಿಡಿದು ನೆಲ ನಡುಗಿದಾಗ ಅಕ್ಕ ಓಡಿಬಂದು ಒಂದು ತೋಳಿನಲ್ಲಿ ಶೆಲ್ಫಿನ ಪಾತ್ರೆ ತಡೆಯುತ್ತಿದ್ದಳು, ಇನ್ನೊಂದರಲ್ಲಿ ನನ್ನನ್ನೂ ಪಕ್ಕದ ಮನೆ ಸೆಲ್ವನನ್ನೂ ಹಿಡಿಯುತ್ತಿದ್ದಳು. ಆಮೇಲೆ ಕೆಳಗೆ ಇಳಿದ ನಮ್ಮಪ್ಪ ಮೇಲೆ ಬರುವವರೆಗೆ ಹಿಡಿದ ಕೈ ಬಿಡುತ್ತಿರಲಿಲ್ಲ. ಸೆಲ್ವನಿಗೆ ತಾಯಿ ಇರಲಿಲ್ಲವಲ್ಲ. ನಮ್ಮಿಬ್ಬರಿಗೂ ಒಂದೇ ತಟ್ಟೆಯಲ್ಲಿ ಕಲಸಿ ಹಾಕುತ್ತಿದ್ದಳು.

ಒಂದು ವಿಷಯ ನೀವು ಬರೆದಿಲ್ಲ ಭಾವ. ಅಕ್ಕನಿಗೆ ತವರಿನ ಸೀರೆ ಯಾರು ತಂದರು? ತಮ್ಮನಾದವನು ನಾನು ಒಬ್ಬನೇ. ನಾನು ಇರಲಿಲ್ಲ. ಯಾರು ತಂದರು?

ಇಂತು ನಿಮ್ಮ,
ಶ್ರೀಧರ


ಹುಣಸೇಕುಂಟೆ
೧೨ ಮೇ ೨೦೨೪

ಪ್ರೀತಿಯ ಶ್ರೀಧರನಿಗೆ,

ನೀನು ಕೇಳುತ್ತೀಯ ಅಂತ ಗೊತ್ತಿತ್ತು. ಇದ್ದದ್ದನ್ನು ಇದ್ದ ಹಾಗೇ ಬರೆಯುತ್ತೇನೆ.

ಗಂಡನ ಮನೆಯಲ್ಲಿ ತೀರಿಕೊಂಡ ಹೆಣ್ಣಿಗೆ ಕೊನೆಯ ಸೀರೆ ತವರಿನದು. ಅದು ಬರದೆ ಎತ್ತುವ ಹಾಗಿಲ್ಲ. ಇದು ನಿನಗೂ ಗೊತ್ತು. ಮಧ್ಯಾಹ್ನಕ್ಕೆ ನಿಮ್ಮ ಕಡೆಯವರೆಲ್ಲ ಬಂದರು, ಒಬ್ಬರ ಕೈಯಲ್ಲೂ ಸೀರೆ ಇಲ್ಲ. ನಿಮ್ಮ ಚಿಕ್ಕಪ್ಪ ಮುನಿಸ್ವಾಮಪ್ಪನವರೂ ಬರಿಗೈಯಲ್ಲಿ ಬಂದಿದ್ದರು. ಕೇಳಿದರೆ, "ಒಡಹುಟ್ಟಿದ ತಮ್ಮ ಅವ್ನೆ, ರಾಯಬಾರಿ. ಅವನಿರೋವಾಗ ನಾನು ತಂದ್ರೆ ಅವನ ಅಕ್ಕು ಕಿತ್ಕೊಂಡಂಗಾಗಲ್ವಾ? ಇಮಾನದಲ್ಲಿ ಬತ್ತಾನೆ, ರೇಷ್ಮೆ ತತ್ತಾನೆ" ಅಂದರು. ದೊಡ್ಡವರು ತರಲಿಲ್ಲ ಅಂತ ಉಳಿದವರೂ ತಂದಿರಲಿಲ್ಲ. ಎಲ್ಲರೂ ನಿನಗೆ ಮರ್ಯಾದೆ ಕೊಟ್ಟರು, ಅವಳು ಕಾಯುತ್ತಾ ಮಲಗಿದ್ದಳು.

ನೀನು ಬರುವುದಿಲ್ಲ ಅಂತ ಹೇಳಿದೆ. ಯಾರೋ ಹೆಂಗಸರು, ತಮ್ಮ ಕಳಿಸಿದ ಬಟ್ಟೆ ಪೆಟ್ಟಿಗೆಯಲ್ಲಿ ಇದೆಯಲ್ಲ, ಅದೇ ತವರಿನದಾಯ್ತು ಅಂದರು. ನೀನು ಒಂದೊಂದು ದೇಶದಿಂದ ಕಳಿಸಿದ್ದನ್ನೆಲ್ಲ ಚಂದನ ತೆಗೆದು ಬಿಡಿಸಿದಳು. ಕಸೂತಿಯದು, ಉಣ್ಣೆಯದು, ಹಕ್ಕಿ ಚಿತ್ರದ್ದು. ಎಲ್ಲ ಹೊಸದರ ಹಾಗೇ ಇದ್ದವು. ಯಾವುದೂ ಸೀರೆಯಷ್ಟು ಉದ್ದ ಇರಲಿಲ್ಲ.

ಚಿಕ್ಕಪ್ಪ ಬಂಗಾರಪೇಟೆಗೆ ಹೋಗಿ ತರುತ್ತೇನೆಂದು ಚಪ್ಪಲಿ ಹುಡುಕುತ್ತಿದ್ದರು. ಅಷ್ಟರಲ್ಲಿ ನಿಮ್ಮ ಪಕ್ಕದ ಮನೆ ಸೆಲ್ವರಾಜ್‌ನ ಆಟೋ ಬಂತು. ಆಂಡರ್ಸನ್‌ಪೇಟೆ ಅಂಗಡಿಯ ಪೊಟ್ಟಣ ಎದೆಗೆ ಹಿಡಿದುಕೊಂಡು ಇಳಿದ. ಒಳಗೆ ಹಸಿರು ಸೀರೆ, ಕೆಂಪು ಅಂಚು, ಜೊತೆಗೆ ಬಳೆ, ಅರಿಶಿನ ಕುಂಕುಮ, ಹೂವು. "ಅವನು ಬರಕ್ಕಾಗಲ್ಲ ಮಾಮಾ, ದೂರ. ನಮ್ ಕಡೆ ಇದುನ್ನ ಕೋಡಿ ಅಂತೀವಿ. ಪೊರಂದ ವೀಟ್ಟು ಕೋಡಿ, ತವರಿನ ಕೋಡಿ ಇಲ್ದೆ ಅಕ್ಕ ಎಂಗೆ ಓಗ್ತದೆ?" ಅಂದ.

ಚಿಕ್ಕಪ್ಪ ಅಡ್ಡ ನಿಂತರು. "ನೀನ್ಯಾವ ತವರ್ಲಾ? ನಿನ್ನ ಕುಲ ಏನು, ನಮ್ಮ ಕುಲ ಏನು?"

"ಕುಲ ಗೊತ್ತಿಲ್ಲ ಪೆರಿಯಪ್ಪಾ. ಅಕ್ಕನ ಕೈ ಅನ್ನ ಗೊತ್ತು."

ನಾನು ಮಾತಾಡುವವನಲ್ಲ. ಎದ್ದು ಎರಡು ಕೈ ಚಾಚಿ ಸೀರೆ ತೆಗೆದುಕೊಂಡೆ. ಹೆಂಗಸರು ಉಡಿಸಿದರು. ಚಿಕ್ಕಪ್ಪ ಒಂದು ಹಿಡಿ ಮಣ್ಣು ಹಾಕಿ, ನೀರೂ ಮುಟ್ಟದೆ ಹೋದರು.

ಅವಳು ಹಸಿರು ಸೀರೆಯಲ್ಲಿ ಹೋದಳು. ಚೆನ್ನಾಗಿ ಕಾಣುತ್ತಿದ್ದಳು.

ಇಂತಿ,
ಮುನೀಂದ್ರ


ರಾಯಭಾರ ಕಚೇರಿಯಿಂದ
೨೯ ಜುಲೈ ೨೦೨೪

ಭಾವ ಅವರಿಗೆ,

ಉತ್ತರ ತಡವಾಯಿತು. ಹಲವು ಸಲ ಬರೆಯಲು ಕೂತೆ.

ಸೆಲ್ವರಾಜ್ ಅವರಿಗೆ ನನ್ನ ಧನ್ಯವಾದ ತಿಳಿಸಿ.

ವರ್ಷದ ಎಡೆಗೆ ನಾನು ಬರುತ್ತೇನೆ. ರಜೆಗೆ ಈಗಲೇ ಬರೆದಿದ್ದೇನೆ. ಆ ದಿನದ ತವರಿನ ಸೀರೆ ನಾನೇ ತರುತ್ತೇನೆ ಎಂದು ಚಿಕ್ಕಪ್ಪನಿಗೆ ಹೇಳಿ. ಬೇರೆ ಯಾರೂ ತರುವುದು ಬೇಡ.

ಶ್ರೀಧರ


ಹುಣಸೇಕುಂಟೆ
೬ ಅಕ್ಟೋಬರ್ ೨೦೨೪

ಪ್ರೀತಿಯ ಶ್ರೀಧರನಿಗೆ,

ಮಹಾಲಯ ಅಮಾವಾಸ್ಯೆ ಮುಗಿಯಿತು. ವರ್ಷ ತುಂಬದವಳಿಗೆ ಹಿರಿಯರ ಸಾಲಿನಲ್ಲಿ ಎಡೆ ಇಡುವುದಿಲ್ಲ. ಆದರೂ ಅವಳಿಗೆ ಇಷ್ಟವೆಂದು ಚಂದನ ಒಬ್ಬಟ್ಟು ಮಾಡಿ ಹಸುವಿಗೆ ತಿನ್ನಿಸಿದಳು.

ನಿನ್ನ ಮಾತು ಚಿಕ್ಕಪ್ಪನಿಗೆ ಹೇಳಿದೆ. ಸಮಾಧಾನ ಆದರು. "ಅವನು ಬಂದ್ರೆ ನಾವೆಲ್ಲ ಬತ್ತೀವಿ. ಆ ಲೈನ್ ಉಡುಗನೇ ಮತ್ತೆ ಸೀರೆ ಇಟ್ಕೊಂಡು ನಿಂತ್ರೆ ತವರಿಂದ ಒಬ್ರೂ ಬರಲ್ಲ, ಆಮೇಲೆ ನನ್ನನ್ನ ಅನ್ಬೇಡ" ಅಂದರು. ಮೊದಲ ವರ್ಷದ ಎಡೆಗೆ ತವರಿನವರು ಬಾರದೆ ಹೋದರೆ ಅವಳು ಬಾಗಿಲಲ್ಲೇ ನಿಂತು ಹಿಂದಕ್ಕೆ ಹೋಗುತ್ತಾಳೆ ಅನ್ನುತ್ತಾರೆ ನಮ್ಮಲ್ಲಿ. ನಾನು ಅದನ್ನೆಲ್ಲ ಅಷ್ಟು ನಂಬುವವನಲ್ಲ. ಅವಳು ನಂಬುತ್ತಿದ್ದಳು.

ಸೆಲ್ವರಾಜ್‌ಗೆ ನಿನ್ನ ಧನ್ಯವಾದ ತಿಳಿಸಿದೆ. ಆಟೋ ಗಾಜು ಒರೆಸುತ್ತಿದ್ದವನು "ಸರಿ ಮಾಮಾ" ಅಂದ. ನೀನು ಬರುತ್ತೀಯ ಅಂದಾಗ ಮಾತ್ರ ಬಟ್ಟೆ ಕೆಳಗಿಟ್ಟ. "ಅಂಗಾದ್ರೆ ಸೀರೆ ಅವನದ್ದೇ. ನಾನು ಸ್ಟೇಷನ್‌ಗೆ ಆಟೋ ತತ್ತೀನಿ. ಸಾರ್ ಕೂರ್ತಾರೋ ಇಲ್ವೋ" ಅಂದ.

ಹೋದ ಸಲ ನೀನು ಬಂದಾಗ ಬಂಗಾರಪೇಟೆ ಪ್ಲಾಟ್‌ಫಾರಂನಲ್ಲಿ ಅವನು ನಿನ್ನನ್ನು "ಸಾರ್" ಅಂದಿದ್ದ. ನೀನು ನಕ್ಕು ಕೈ ಕುಲುಕಿದೆ, ಹಾಗನ್ನಬೇಡ ಅನ್ನಲಿಲ್ಲ. ಮನೆಗೆ ಬಂದ ಮೇಲೆ ನಿನ್ನ ಅಕ್ಕ ಅಡುಗೆಗೆ ಉಪ್ಪು ಹಾಕುವುದು ಮರೆತಳು. ಯಾಕೆ ಅಂತ ನೀನು ಕೇಳಲಿಲ್ಲ, ಅವಳೂ ಹೇಳಲಿಲ್ಲ. ಈಗ ನಾನು ಬರೆದುಬಿಟ್ಟೆ.

ನಿನ್ನ ಹಳೇ ಕಾಗದಗಳನ್ನು ದಿನಕ್ಕೊಂದು ಓದುತ್ತಿದ್ದೇನೆ. ನೀನು ಮೊದಲ ಸಲ ರಾಯಭಾರಿಯಾದಾಗ ಬರೆದದ್ದು ನಿನ್ನೆ ಸಿಕ್ಕಿತು. ಕುದುರೆ ಸಾರೋಟು, ಬ್ಯಾಂಡು, ಕರೀ ಕೋಟು, ಕೆಂಪು ಹಾಸಿನ ಮೇಲೆ ನಡೆದು ಆ ದೇಶದ ಅಧ್ಯಕ್ಷರಿಗೆ ನಮ್ಮ ರಾಷ್ಟ್ರಪತಿಗಳ ಪತ್ರ ಕೊಟ್ಟದ್ದು. ಅದನ್ನು ಕೊಡುವವರೆಗೆ ನೀನು ಯಾರೂ ಅಲ್ಲ, ಕೊಟ್ಟ ಮೇಲೆ ನೀನೇ ಭಾರತ ಅಂತ ಬರೆದಿದ್ದೆ. ಆ ಪತ್ರದಲ್ಲಿ ಏನಿರುತ್ತದೆ ಅಂತ ಅವಳು ಕೇಳಿ ಬರೆಸಿದ್ದಳು. ನೀನು ಕನ್ನಡದಲ್ಲಿ ಬರೆದು ಕಳಿಸಿದ್ದೆ: ಇವರು ನಮ್ಮ ಪರವಾಗಿ ಹೇಳುವುದನ್ನೆಲ್ಲ ನಾವೇ ಹೇಳಿದಂತೆ ಪೂರ್ತಿಯಾಗಿ ನಂಬಬೇಕೆಂದು ಕೋರುತ್ತೇವೆ. ಅವಳು ಒಲೆ ಊದುವುದನ್ನು ಬಿಟ್ಟು ನಕ್ಕಳು. "ಇಷ್ಟೇನಾ? ಇದಕ್ಕೆ ಕುದುರೆ ಗಾಡಿ ಬೇರೆ! ನಮ್ ಅಜ್ಜೀರು ಎಣ್ಣು ಒಪ್ಸೋವಾಗ ಏಳೋ ಮಾತಲ್ವಾ ಇದು?"

ಬಾ. ಬರುವ ರೈಲು ತಿಳಿಸು.

ಇಂತಿ,
ಮುನೀಂದ್ರ


ರಾಯಭಾರ ಕಚೇರಿಯಿಂದ
೧೪ ಜನವರಿ ೨೦೨೫

ಭಾವ,

ಟಿವಿಯಲ್ಲಿ ನೋಡುತ್ತಿರಬಹುದು. ಇಲ್ಲಿಯದನ್ನೆಲ್ಲ ನಾನು ಬರೆಯುವಂತಿಲ್ಲ. ಇಷ್ಟು ಹೇಳಬಹುದು: ನಮ್ಮ ಜನ ಇನ್ನೂ ಬಹಳ ಮಂದಿ ಈ ಊರಿನಲ್ಲಿದ್ದಾರೆ. ಕಟ್ಟಡ ಕೆಲಸದವರು, ನರ್ಸ್‌ಗಳು, ಓದಲು ಬಂದ ಹುಡುಗಿಯರು. ಬಸ್ಸಿನಲ್ಲಿ ಗಡಿಗೆ ಕಳಿಸುತ್ತಿದ್ದೇವೆ. ಕಡೆಯ ಬಸ್ಸು ಹೊರಡುವವರೆಗೆ ಬಾವುಟ ಇಳಿಸುವಂತಿಲ್ಲ, ಬಾವುಟ ಇಳಿಯುವವರೆಗೆ ನಾನು ಹೊರಡುವಂತಿಲ್ಲ. ಯಾರೂ ನನಗೆ ಇರು ಅನ್ನಲಿಲ್ಲ ಭಾವ. ಹೋಗು ಅಂದಿದ್ದರೂ ಹೋಗುತ್ತಿರಲಿಲ್ಲ.

ವರ್ಷದ ಎಡೆಗೆ ನಾನು ಬರುವುದಿಲ್ಲ.

ನಿನ್ನೆ ದೂರದಲ್ಲೆಲ್ಲೋ ಸಿಡಿದು ನಮ್ಮ ಗೋಡೆ ನಡುಗಿತು. ಎಲ್ಲರೂ ಮೇಜಿನ ಕೆಳಗೆ ಹೋದರು. ನಾನು ಎದ್ದು ಶೆಲ್ಫಿನ ಲೋಟಗಳನ್ನು ತೋಳಿನಿಂದ ತಡೆದು ನಿಂತಿದ್ದೆ. ಇನ್ನೊಂದು ತೋಳು ತಾನಾಗಿ ಪಕ್ಕಕ್ಕೆ ಚಾಚಿಕೊಂಡಿತ್ತು. ನಮ್ಮ ಅಡುಗೆಯವರು ಆಮೇಲೆ, "ಸಾರ್, ಯಾರನ್ನ ಹಿಡ್ಕೊಳ್ಳೋಕೆ ಹೋದ್ರಿ?" ಅಂತ ಕೇಳಿದರು.

ಜೊತೆಯಲ್ಲಿರುವ ಪತ್ರವನ್ನು ಚಿಕ್ಕಪ್ಪನಿಗೆ ಕೊಡಿ. ಕಚೇರಿಯ ಹಾಳೆಯಲ್ಲಿ ಬರೆದಿಲ್ಲ, ಕಚೇರಿಯ ಮುದ್ರೆಯೂ ಹಾಕಿಲ್ಲ. ಇದು ಸರ್ಕಾರದ ಕೆಲಸ ಅಲ್ಲ, ಹಾಕಬಾರದು. ಬಹುಶಃ ಇದೇ ಇಲ್ಲಿಂದ ಹೊರಡುವ ಕೊನೆಯ ಚೀಲ. ಎಡೆಯ ಹೊತ್ತಿಗೆ ತಲುಪಿದರೆ ಸಾಕು.

ನಿಮ್ಮ,
ಶ್ರೀಧರ

(ಜೊತೆಯ ಪತ್ರ)

ಪೂಜ್ಯ ಚಿಕ್ಕಪ್ಪ ಮುನಿಸ್ವಾಮಪ್ಪನವರಿಗೆ, ಅಕ್ಕನ ತವರಿನ ಎಲ್ಲ ಹಿರಿಯರಿಗೆ,

ನನ್ನ ಅಕ್ಕ ಕನಕಮ್ಮನ ವರ್ಷದ ಎಡೆಗೆ ನಾನು ಬರಲಾಗುತ್ತಿಲ್ಲ. ಉರಿಗಾಂನಲ್ಲಿ ನಮ್ಮ ಪಕ್ಕದ ಮನೆಯಲ್ಲಿ ಬೆಳೆದ, ಅಕ್ಕನ ಕೈಯಲ್ಲಿ ನನ್ನ ಜೊತೆ ಒಂದೇ ತಟ್ಟೆಯಲ್ಲಿ ಉಂಡ ಸೆಲ್ವರಾಜ್‌ನನ್ನು ನನ್ನ ಜಾಗದಲ್ಲಿ ನಿಲ್ಲಿಸಿದ್ದೇನೆ. ಅವನು ತರುವ ಸೀರೆ ನಾನು ತಂದದ್ದು. ಅವನು ಇಡುವ ಎಡೆ ನಾನು ಇಟ್ಟದ್ದು. ಹೋದ ವರ್ಷ ಅವನು ತಂದದ್ದೂ ಹಾಗೆಯೇ. ಅವನು ನನ್ನ ಪರವಾಗಿ ಹೇಳುವುದನ್ನೆಲ್ಲ ನಾನೇ ಹೇಳಿದಂತೆ ಪೂರ್ತಿಯಾಗಿ ನಂಬಬೇಕೆಂದು ತಮ್ಮನ್ನು ಕೋರುತ್ತೇನೆ.

ತಮ್ಮ ಮಗ,
ಶ್ರೀಧರ


ಹುಣಸೇಕುಂಟೆ
೭ ಫೆಬ್ರವರಿ ೨೦೨೫

ಪ್ರೀತಿಯ ಶ್ರೀಧರನಿಗೆ,

ನೀನು ಈಗ ಎಲ್ಲಿದ್ದೀಯೋ ಗೊತ್ತಿಲ್ಲ. ಬಸ್ಸುಗಳು ಗಡಿ ದಾಟಿದವು ಅಂತ ಟಿವಿಯಲ್ಲಿ ಹೇಳಿದರು, ನಿನ್ನ ಹೆಸರು ಹೇಳಲಿಲ್ಲ. ದೆಹಲಿಗೇ ಹಾಕುತ್ತಿದ್ದೇನೆ. ಚೀಲ ನೀನಿರುವ ಕಡೆ ಬರಲಿ.

ನಿನ್ನ ಕಾಗದ ಎಡೆಯ ಹಿಂದಿನ ದಿನ ಬಂತು. ಅದನ್ನು ಜೇಬಿನಲ್ಲಿಟ್ಟುಕೊಂಡು ಸಂಜೆ ಚಿಕ್ಕಪ್ಪನ ಮನೆಗೆ ಹೋದೆ. ಸೆಲ್ವರಾಜ್ ಆಟೋದಲ್ಲಿ ಕರೆದುಕೊಂಡು ಹೋದ, ತಾನು ಬಾಗಿಲ ಹೊರಗೇ ನಿಂತ. ಚಿಕ್ಕಪ್ಪನಿಗೆ ಕಣ್ಣು ಮಂಜು, ನಾನೇ ಓದಿದೆ. ಕೇಳಿ ಕೈ ಚಾಚಿದರು. ಹಾಳೆ ತಿರುಗಿಸಿ ಮುರುಗಿಸಿ ನೋಡಿದರು.

"ಸೀಲ್ ಎಲ್ಲೈತೆ?"

"ಇಲ್ಲ ಮಾವ. ಮನೆ ಕೆಲಸಕ್ಕೆ ಸರ್ಕಾರದ ಸೀಲ್ ಹಾಕಬಾರದಂತೆ."

"ಇಡೀ ದೇಶದ ಸೀಲು ಕೈಯಾಗೆ ಐತೆ, ಚಿಕ್ಕಪ್ಪನಿಗೆ ಒಂದು ಒತ್ತೋಕಾಗ್ಲಿಲ್ವಾ?"

ಚಿಕ್ಕಮ್ಮ ಮುನಿನಾರಾಯಣಮ್ಮ ಒಳಗಿಂದಲೇ ಕೂಗಿದರು. "ಅಯ್ಯೋ, ಪಂಚಾಯ್ತಿ ಸೀಲು ಒತ್ತಿದ್ ಕಾಗದ ನಂಬಿ ನೀನು ಕೊಳಾಯಿಗೆ ಎಷ್ಟು ವರ್ಷ ಕಾದೆ? ಸೀಲಿಲ್ದಿರೋದ್ನ ಒಂದ್ಸಾರಿ ನಂಬು."

ಚಿಕ್ಕಪ್ಪ ನಗಲಿಲ್ಲ. ಕಾಗದ ಮಡಚಿ ಹಿಂದಕ್ಕೂ ಕೊಡಲಿಲ್ಲ. ನಾವು ಆಟೋ ಹತ್ತಿ ಹೊರಟೆವು. ದಾರಿಯಲ್ಲಿ ಸೆಲ್ವರಾಜ್, "ಮಾಮಾ, ನಾಳೆ ಸೀರೆ ಚಂದನ ಕೈಗೆ ಕೊಡ್ತೀನಿ, ನೀವೇ ಇಡಿ. ಅವರು ಬರ್ಲಿ. ನನ್ನಿಂದ ಅಕ್ಕ ಬಾಗ್ಲಲ್ಲಿ ನಿಲ್ಲೋದು ಬೇಡ" ಅಂದ. ಬೇಡ, ನೀನೇ ಹಿಡಿದು ಬಾ ಅಂದೆ. ಸೀರೆಗೆ ಕೈ ಚಾಚಿದ್ದನ್ನೂ ಲೆಕ್ಕ ಹಿಡಿದರೆ ಒಂದೇ ವರ್ಷದಲ್ಲಿ ಎರಡನೇ ಸಲ ನಾನು ಮಾತಾಡಿದ್ದು.

ಮಂಗಳವಾರ ಅಡುಗೆ ಆಯಿತು. ಎಡೆ ಇಡುವ ಹೊತ್ತು ಬಂದರೂ ನಿಮ್ಮ ಕಡೆಯವರು ಒಬ್ಬರೂ ಇಲ್ಲ. ಅವಳ ಫೋಟೋ ಮುಂದೆ ಎಲೆ ಹಾಕಿ ಕಾದೆವು. ಸೆಲ್ವರಾಜ್ ತಟ್ಟೆಯಲ್ಲಿ ಸೀರೆ ಇಟ್ಟುಕೊಂಡು ಹಸುವಿನ ಹತ್ತಿರ ನಿಂತಿದ್ದ, ಮನೆ ಒಳಗೆ ಬರುತ್ತಿರಲಿಲ್ಲ. ಈ ಸಲ ಅರಿಶಿನ ಬಣ್ಣದ್ದು. ಇನ್ನು ಸಾಕು, ಇಟ್ಟುಬಿಡೋಣ ಅಂತ ಚಂದನ ಎದ್ದಳು.

ಆಗ ಟ್ರಾಕ್ಟರ್ ಸದ್ದಾಯಿತು. ಚಿಕ್ಕಪ್ಪ, ಚಿಕ್ಕಮ್ಮ, ಹಿಂದಿನ ಟ್ರಾಲಿಯಲ್ಲಿ ನಿಮ್ಮ ಕಡೆಯವರೆಲ್ಲ ಬಂದರು. ಚಿಕ್ಕಪ್ಪ ಬಿಳೀ ಪಂಚೆ, ಮದುವೆಗೆ ಹಾಕುವ ಕರೀ ಕೋಟು ಹಾಕಿದ್ದರು. ಬಿಸಿಲಿಗೆ ಬೆವರು ಇಳಿಯುತ್ತಿತ್ತು. ನಿನ್ನ ಕಾಗದ ಕೋಟಿನ ಮೇಲು ಜೇಬಿನಲ್ಲಿ, ಅರ್ಧ ಕಾಣುವ ಹಾಗೆ. ಯಾರ ಕಡೆಗೂ ನೋಡದೆ ಅವಳ ಫೋಟೋ ಪಕ್ಕ ಹೋಗಿ ನಿಂತುಕೊಂಡು, ಊರಿಗೇ ಕೇಳುವ ಹಾಗೆ ಕೂಗಿದರು:

"ತವರಿನೋರು ಯಾರಪ್ಪಾ? ಮುಂದೆ ಬನ್ನಿ!"

ಯಾರೂ ಅಲುಗಲಿಲ್ಲ. ಸೆಲ್ವರಾಜ್ ನನ್ನ ಮುಖ ನೋಡಿದ.

"ಲೇ, ನಿನ್ನೇ ಕಣ್ಲಾ ಕರೆದಿದ್ದು. ನೀನು ಬರೋಗಂಟ ಅವಳು ಉಣ್ಣಲ್ಲ."

ಕೊಟ್ಟಿಗೆಯಿಂದ ಎಡೆಯವರೆಗೆ ಅವನು ನಡೆದು ಬಂದ. ಹಾಸು ಇರಲಿಲ್ಲ, ಬ್ಯಾಂಡು ಇರಲಿಲ್ಲ. ಹಸು ಒಂದು ಸಲ ಕೂಗಿತು. ತಟ್ಟೆಯನ್ನು ಚಿಕ್ಕಪ್ಪನ ಕೈಗೆ ಕೊಟ್ಟ. ಅವರು ಅದನ್ನು ಮುಟ್ಟಿ ಹಿಂದಕ್ಕೆ ಅವನಿಗೇ ಕೊಟ್ಟು, "ನೀನೇ ಇಡು" ಅಂದರು. ಇಟ್ಟ. ಆಮೇಲೆ ಎಲ್ಲರೂ ಹಿಂದೆ ತಿರುಗಿ ಬಾಗಿಲ ಹೊರಗೆ ಬಂದೆವು, ಅವಳು ಉಣ್ಣಲಿ ಅಂತ. ಹೊರಗೆ ಚಿಕ್ಕಪ್ಪ ಕೋಟು ಬಿಚ್ಚಿ ಸೆಲ್ವರಾಜ್ ಹೆಗಲ ಮೇಲೆ ಹಾಕಿ, "ಇಡ್ಕೋ, ಸೆಖೆ" ಅಂದರು. ಅಷ್ಟೇ. ಊಟಕ್ಕೆ ಒಂದೇ ಸಾಲಿನಲ್ಲಿ ಕೂತರು.

ಇದನ್ನೆಲ್ಲ ಬರೆಯುತ್ತಿರುವಾಗ ಸೆಲ್ವರಾಜ್ ಬಂದು ಒಲೆ ಹತ್ತಿರ ಕೂತಿದ್ದಾನೆ. ನಾನೂ ಎರಡು ಮಾತು ಬರೆಸುತ್ತೇನೆ ಅಂದ. ಶುರು ಹೇಗೆ ಮಾಡಲಿ, 'ಸಾರ್' ಅಂತ ಬರೆಯಲೇ ಅಂತ ಕೇಳಿದೆ. ಬೆಂಕಿ ಕೆದಕುತ್ತಾ, ಇಲ್ಲ ಮಾಮಾ ಅಂದ. ಅವನು ಹೇಳಿದ ಹಾಗೇ ಬರೆಯುತ್ತಿದ್ದೇನೆ, ನನ್ನದು ಒಂದಕ್ಷರವೂ ಸೇರಿಸಿಲ್ಲ:

ಲೇ ಶ್ರೀಧರಾ, ಕೊಟ್ಟೆ ಕಣ್ಲಾ. ಅಕ್ಕ ಒಳಗೆ ಬಂತು. ನೀನು ಎಲ್ಲಿದ್ರೂ ಮೊದ್ಲು ಬಂಗಾರಪೇಟೆಯಲ್ಲಿ ಇಳಿ. ಆಟೋ ತತ್ತೀನಿ. ಊಟಕ್ಕೆ ಇನ್ನೊಂದು ತಟ್ಟೆ ತೆಗಿಯಲ್ಲ.